ಮೂಲೆಯಲ್ಲಿ ನಿಂತ ದೊಡ್ಡ ನಟ: ಮಾರ್ಸೆಲ್ ದಾಲಿಯೋ

ಸಿನಿಮಾ ಮುಗಿದ ಕೂಡಲೇ ನಾವೆಲ್ಲ ಎದ್ದು ಹೊರಡುತ್ತೇವೆ. ಪರದೆಯ ಮೇಲೆ ಹೆಸರುಗಳ ಸಾಲು ಓಡುತ್ತಲೇ ಇರುತ್ತದೆ, ಅದನ್ನು ಓದುವವರು ಯಾರೂ ಇರುವುದಿಲ್ಲ. ನಾಯಕ ಯಾರು, ನಾಯಕಿ ಯಾರು ಎಂಬುದು ಮನೆ ತಲುಪಿದ ಮೇಲೂ ನೆನಪಿರುತ್ತದೆ. ಆದರೆ ನಾಯಕನಿಗೆ ಬಾಗಿಲು ತೆರೆದ ಹೋಟೆಲಿನವನು, ತೀರ್ಪು ಹೇಳಿದ ನ್ಯಾಯಾಧೀಶ, ಕಷ್ಟದಲ್ಲಿ ಜೊತೆ ನಿಂತ ಗೆಳೆಯ, ಇವರೆಲ್ಲ ಯಾರು? ಇಂಥವರನ್ನು ನಾವು ಪೋಷಕ ನಟರು ಎಂದು ಕರೆಯುತ್ತೇವೆ. ಮಕ್ಕಳನ್ನು ಸಾಕಿ ಸಲಹುವ ತಂದೆತಾಯಿಯರಿಗೂ ಪೋಷಕರು ಎಂದೇ ಹೆಸರು. ಕಥೆಯನ್ನು ಹಿಂದೆ ನಿಂತು ಸಾಕುವವರು ಎಂಬ ಅರ್ಥ ಆ ಹೆಸರಿನಲ್ಲೇ ಅಡಗಿದೆ.

ಮಕ್ಕಳೇ, ಇಂದು ನಿಮಗೆ ಅಂಥ ಒಬ್ಬ ಪೋಷಕ ನಟರ ಜೀವನವನ್ನು ಪರಿಚಯ ಮಾಡಿಕೊಡುತ್ತೇನೆ. ಅವರು ಫ್ರಾನ್ಸ್ ದೇಶದವರು. ಹೆಸರು ಮಾರ್ಸೆಲ್ ದಾಲಿಯೋ. ಜಗತ್ತಿನ ಅತ್ಯುತ್ತಮ ಚಿತ್ರಗಳು ಎಂದು ತಿಳಿದವರು ಮತ್ತೆ ಮತ್ತೆ ಹೆಸರಿಸುವ ಮೂರು ಚಿತ್ರಗಳಲ್ಲಿ ಅವರು ಅಭಿನಯಿಸಿದ್ದಾರೆ. ಮೊದಲನೆಯದರಲ್ಲಿ ಅವರು ನಾಯಕನ ಗೆಳೆಯ. ಎರಡನೆಯದರಲ್ಲಿ ಇಡೀ ಬಂಗಲೆಯ ಯಜಮಾನ. ಮೂರನೆಯದರಲ್ಲಿ ಕೆಲವೇ ನಿಮಿಷ ಕಾಣಿಸಿಕೊಳ್ಳುವ ಜೂಜುಮನೆಯ ನೌಕರ, ಅದರಲ್ಲಿ ಅವರ ಹೆಸರು ಪಟ್ಟಿಯಲ್ಲಿ ಕೂಡ ಇಲ್ಲ. ಎರಡನೆಯ ಚಿತ್ರಕ್ಕೂ ಮೂರನೆಯ ಚಿತ್ರಕ್ಕೂ ನಡುವೆ ಇರುವುದು ಬರೀ ಮೂರು ವರ್ಷ. ಆ ಮೂರು ವರ್ಷಗಳಲ್ಲಿ ಏನಾಯಿತು ಎಂಬುದೇ ಈ ಲೇಖನದ ಮುಖ್ಯ ಭಾಗ.

ದಾಲಿಯೋ ಹುಟ್ಟಿದ್ದು 1899ರ ನವೆಂಬರ್ 23ರಂದು, ಪ್ಯಾರಿಸ್ ನಗರದಲ್ಲಿ. ತಂದೆತಾಯಿ ರುಮೇನಿಯಾ ದೇಶದಿಂದ ವಲಸೆ ಬಂದ ಯಹೂದಿಗಳು. ಮನೆಯವರು ಇಟ್ಟ ಹೆಸರು ಇಸ್ರೇಲ್ ಮೋಶೆ ಬ್ಲೌಶಿಲ್ಡ್. ಮಾರ್ಸೆಲ್ ದಾಲಿಯೋ ಎಂಬುದು ಅವರು ರಂಗಭೂಮಿಗಾಗಿ ಇಟ್ಟುಕೊಂಡ ಹೆಸರು. ತಂದೆತಾಯಿಯ ಊರು ಬೇರೆ, ಮಗು ಹುಟ್ಟಿ ಬೆಳೆಯುವ ಊರು ಬೇರೆ. ಮನೆಯ ಭಾಷೆ, ಹಬ್ಬ, ಆಚಾರಗಳು ಒಂದು ಕಡೆ, ಶಾಲೆ ಮತ್ತು ಬೀದಿ ಇನ್ನೊಂದು ಕಡೆ. ಇಂಥ ಬಾಲ್ಯ ಹೇಗಿರುತ್ತದೆ ಎಂಬುದನ್ನು ನಮ್ಮ ಶಾಲೆಯ ಮಕ್ಕಳಿಗೆ ನಾನು ವಿವರಿಸಿ ಹೇಳಬೇಕಾಗಿಲ್ಲ.

ಯುವಕ ದಾಲಿಯೋ ಅಭಿನಯ ಕಲಿಯಲು ಸೇರಿದ್ದು ಪ್ಯಾರಿಸ್‌ನ ಕನ್ಸರ್ವತ್ವಾರ್ ಎಂಬ ಸಂಸ್ಥೆಗೆ. ಇದು 1795ರಲ್ಲಿ ಸಂಗೀತ ಕಲಿಸುವುದಕ್ಕಾಗಿ ಸ್ಥಾಪನೆಯಾದ ಸರ್ಕಾರಿ ವಿದ್ಯಾಲಯ. ಮುಂದೆ ನಾಟಕ ತರಗತಿಗಳೂ ಅದಕ್ಕೆ ಸೇರಿದವು. ಅಲ್ಲಿಗೆ ಸೇರುವುದು ಸುಲಭವಲ್ಲ. ಹಿರಿಯ ಕಲಾವಿದರ ಮುಂದೆ ನಿಂತು ನಾಟಕದ ಒಂದು ಭಾಗವನ್ನು ಅಭಿನಯಿಸಿ ತೋರಿಸಬೇಕು, ಅವರು ಒಪ್ಪಿದರೆ ಮಾತ್ರ ಪ್ರವೇಶ. ಫ್ರೆಂಚ್ ರಂಗಭೂಮಿಯ ಖ್ಯಾತ ನಟ ಲೂಯಿ ಜೂವೇ ಅವರನ್ನು ಈ ಸಂಸ್ಥೆ ಮೂರು ಸಲ ತಿರಸ್ಕರಿಸಿತ್ತು. ಮುಂದೆ ಅದೇ ಜೂವೇ ಅಲ್ಲಿಯೇ ಪ್ರಾಧ್ಯಾಪಕರಾದರು! ಪರೀಕ್ಷೆಯಲ್ಲಿ ಒಮ್ಮೆ ಸೋತವರು ಈ ಸಂಗತಿಯನ್ನು ನೆನಪಿನಲ್ಲಿ ಇಟ್ಟುಕೊಳ್ಳಬಹುದು.

ಆ ವಿದ್ಯಾಲಯದಲ್ಲಿ ಕಲಿಸುತ್ತಿದ್ದುದು ಮುಖ್ಯವಾಗಿ ಹಳೆಯ ನಾಟಕಗಳನ್ನು. ಮೋಲಿಯೇರ್, ರಾಸೀನ್, ಕೋರ್ನೇಯ್ ಮುಂತಾದವರ ನಾಟಕಗಳ ಪದ್ಯದ ಸಾಲುಗಳನ್ನು ಉಚ್ಚಾರ ತಪ್ಪದೆ, ಉಸಿರು ಕಟ್ಟದೆ, ಕೊನೆಯ ಸಾಲಿನಲ್ಲಿ ಕುಳಿತವನಿಗೂ ಕೇಳುವಂತೆ ಹೇಳಬೇಕು. ಎಲ್ಲಿ ತಡೆಯಬೇಕು, ಎಲ್ಲಿ ದನಿ ಏರಿಸಬೇಕು, ಕೈಯನ್ನು ಯಾವಾಗ ಸುಮ್ಮನೆ ಇಡಬೇಕು ಎಂಬುದನ್ನೆಲ್ಲ ದಿನವೂ ಅಭ್ಯಾಸ ಮಾಡಿಸುತ್ತಿದ್ದರು. ಶಿಕ್ಷಣದ ಕೊನೆಯಲ್ಲಿ ಸ್ಪರ್ಧೆ ಇರುತ್ತಿತ್ತು. ಅದರಲ್ಲಿ ಮೇಲುಗೈ ಪಡೆದವರಿಗೆ ಕಾಮೆಡಿ ಫ್ರಾನ್ಸೇಸ್ ಎಂಬ ರಾಷ್ಟ್ರೀಯ ನಾಟಕ ಮಂದಿರದ ಬಾಗಿಲು ತೆರೆಯುತ್ತಿತ್ತು. ರಾಜ, ರಾಜಕುಮಾರ, ಪ್ರೇಮಿ ಮುಂತಾದ ಪಾತ್ರಗಳು ಎತ್ತರದ ನಿಲುವಿನ, ಸುಂದರ ಮುಖದ ಯುವಕರಿಗೆ ಸಿಗುತ್ತಿದ್ದವು. ದಾಲಿಯೋ ಕುಳ್ಳಗಿದ್ದರು. ಗುಂಗುರು ಕೂದಲು, ದೊಡ್ಡ ಕಣ್ಣುಗಳು, ಸದಾ ಏನನ್ನೋ ಯೋಚಿಸುತ್ತಿರುವಂತಹ ಮುಖ. ಕನ್ನಡಿಯ ಮುಂದೆ ನಿಂತ ಯಾರಿಗೂ ಇದು ನಾಯಕನ ಮುಖ ಎಂದು ಅನ್ನಿಸುವಂತಿರಲಿಲ್ಲ.

ಆದ್ದರಿಂದ ಅವರು ಬೇರೆ ದಾರಿ ಹಿಡಿದರು. 1920ರ ದಶಕದಲ್ಲಿ ಪ್ಯಾರಿಸ್‌ನ ರೆವ್ಯೂ ಪ್ರದರ್ಶನಗಳಲ್ಲಿ ಕೆಲಸ ಮಾಡತೊಡಗಿದರು. ರೆವ್ಯೂ ಎಂದರೆ ಹಾಡು, ಕುಣಿತ, ನಗೆ ಪ್ರಸಂಗಗಳನ್ನು ಪೋಣಿಸಿದ ರಂಜನೆಯ ಕಾರ್ಯಕ್ರಮ. ಅಲ್ಲಿಯ ಪ್ರೇಕ್ಷಕರು ಶಾಂತವಾಗಿ ಕುಳಿತು ಕೇಳುವವರಲ್ಲ. ತಿನ್ನುತ್ತಾ, ಕುಡಿಯುತ್ತಾ, ತಮ್ಮತಮ್ಮಲ್ಲಿ ಮಾತಾಡುತ್ತಾ ಇರುವವರನ್ನು ಎರಡೇ ನಿಮಿಷದಲ್ಲಿ ತನ್ನ ಕಡೆ ತಿರುಗಿಸಿಕೊಳ್ಳಬೇಕು. ಕನ್ಸರ್ವತ್ವಾರ್ ಅವರಿಗೆ ಸ್ಪಷ್ಟವಾದ ಮಾತನ್ನು ಕೊಟ್ಟಿತು, ರೆವ್ಯೂ ಅವರಿಗೆ ಸಮಯಪ್ರಜ್ಞೆಯನ್ನು ಕೊಟ್ಟಿತು. ಮುಂದೆ ಒಂದೇ ನೋಟದಿಂದ, ಭುಜ ಕೊಂಚ ಕುಣಿಸುವುದರಿಂದ ಒಂದು ಇಡೀ ಪಾತ್ರವನ್ನು ಕಟ್ಟಿಕೊಡುವ ಸಾಮರ್ಥ್ಯ ಅವರಿಗೆ ಬಂದದ್ದು ಈ ಎರಡು ಶಾಲೆಗಳಿಂದ. ಜೊತೆಗೆ ರಂಗನಾಟಕಗಳಲ್ಲೂ ಅವರು ಪಾತ್ರ ಮಾಡುತ್ತಿದ್ದರು.

ಮಾತಿನ ಚಿತ್ರಗಳು ಬಂದ ಮೇಲೆ ರಂಗಭೂಮಿಯ ನಟರಿಗೆ ಬೇಡಿಕೆ ಹೆಚ್ಚಿತು. ದಾಲಿಯೋ ಕೂಡ 1930ರ ದಶಕದ ಆರಂಭದಲ್ಲಿ ಸಿನಿಮಾಕ್ಕೆ ಬಂದರು. ಮುಂದೆ ಜಗತ್ಪ್ರಸಿದ್ಧರಾದ ನಿರ್ದೇಶಕ ರಾಬರ್ಟ್ ಬ್ರೆಸ್ಸೋನ್ 1934ರಲ್ಲಿ ಮಾಡಿದ ಮೊದಲ ಕಿರುಚಿತ್ರದಲ್ಲಿ ಅವರು ಒಂದಕ್ಕಿಂತ ಹೆಚ್ಚು ಪಾತ್ರಗಳನ್ನು ವಹಿಸಿದರು. ಜನ ಅವರನ್ನು ಗುರುತಿಸತೊಡಗಿದ್ದು 1937ರಲ್ಲಿ ತೆರೆಕಂಡ 'ಪೆಪೆ ಲ ಮೊಕೊ' ಚಿತ್ರದಿಂದ. ಜೂಲಿಯನ್ ದ್ಯುವಿವಿಯೇ ನಿರ್ದೇಶಿಸಿದ ಈ ಚಿತ್ರದ ಕಥೆ ನಡೆಯುವುದು ಅಲ್ಜಿಯರ್ಸ್ ನಗರದ ಇಕ್ಕಟ್ಟಿನ ಗಲ್ಲಿಗಳಲ್ಲಿ. ನಾಯಕ ಜಾನ್ ಗಾಬಾಂ. ದಾಲಿಯೋ ಅವರದು ಪೊಲೀಸರಿಗೆ ಸುಳಿವು ಕೊಡುವ ದ್ರೋಹಿಯ ಪಾತ್ರ. ಇಂಥ ಪಾತ್ರಗಳೇ ಅವರಿಗೆ ಹೆಚ್ಚಾಗಿ ಬರುತ್ತಿದ್ದವು. ಕಪ್ಪು ಕೂದಲಿನ, ಹೊರಗಿನವನಂತೆ ಕಾಣುವ ಮುಖ ಎಂದರೆ ಕಳ್ಳ, ಠಕ್ಕ, ಚಾಡಿಕೋರ ಎಂಬುದು ಆ ಕಾಲದ ಸಿನಿಮಾದ ರೂಢಿಯಾಗಿತ್ತು.

ಈ ರೂಢಿಯನ್ನು ಮುರಿದವರು ನಿರ್ದೇಶಕ ಜಾನ್ ರೆನ್ವಾರ್. ಇವರು ಹೆಸರಾಂತ ಚಿತ್ರಕಾರ ಒಗುಸ್ತ್ ರೆನ್ವಾರ್ ಅವರ ಮಗ, ಮೊದಲ ಮಹಾಯುದ್ಧದಲ್ಲಿ ವಿಮಾನ ಹಾರಿಸಿದವರು. 1937ರಲ್ಲಿ ಅವರು 'ಲಾ ಗ್ರಾಂಡ್ ಇಲ್ಯೂಸಿಯೋನ್', ಅಂದರೆ ಮಹಾ ಭ್ರಮೆ ಎಂಬ ಚಿತ್ರ ಮಾಡಿದರು. ಮೊದಲ ಮಹಾಯುದ್ಧದಲ್ಲಿ ಜರ್ಮನರ ಕೈಗೆ ಸೆರೆಸಿಕ್ಕ ಫ್ರೆಂಚ್ ಸೈನಿಕರ ಕಥೆ ಅದು. ಅದರಲ್ಲಿ ದಾಲಿಯೋ ಅವರದು ರೋಸೆಂತಾಲ್ ಎಂಬ ಶ್ರೀಮಂತ ಯಹೂದಿ ಅಧಿಕಾರಿಯ ಪಾತ್ರ. ತಾಯಿ ಡೆನ್ಮಾರ್ಕಿನವಳು, ತಂದೆ ಪೋಲೆಂಡಿನವನು, ತಾನು ಹುಟ್ಟಿದ್ದು ವಿಯೆನ್ನಾದಲ್ಲಿ, ಈಗ ಹೋರಾಡುತ್ತಿರುವುದು ಫ್ರಾನ್ಸಿಗಾಗಿ. ಮನೆಯಿಂದ ಅವನಿಗೆ ದೊಡ್ಡ ದೊಡ್ಡ ತಿಂಡಿಯ ಪೊಟ್ಟಣಗಳು ಬರುತ್ತವೆ. ಅವನು ಒಬ್ಬನೇ ತಿನ್ನುವುದಿಲ್ಲ, ಕೋಣೆಯ ಸಂಗಾತಿಗಳೆಲ್ಲರಿಗೂ ಬಡಿಸುತ್ತಾನೆ. ಸೆರೆಮನೆಯಲ್ಲಿ ಕಾವಲುಗಾರರಿಗಿಂತ ಚೆನ್ನಾಗಿ ಊಟ ಮಾಡುವ ಕೈದಿಗಳ ಆ ದೃಶ್ಯ ನಗು ತರಿಸುತ್ತದೆ.

ಚಿತ್ರದ ಕೊನೆಯ ಭಾಗದಲ್ಲಿ ರೋಸೆಂತಾಲ್ ಮತ್ತು ಗಾಬಾಂ ಅಭಿನಯಿಸಿದ ಮರೆಶಾಲ್ ಇಬ್ಬರೂ ಸೆರೆಯಿಂದ ತಪ್ಪಿಸಿಕೊಂಡು ಚಳಿಯಲ್ಲಿ ನಡೆಯುತ್ತಾರೆ. ರೋಸೆಂತಾಲ್‌ನ ಕಾಲು ಉಳುಕಿದೆ. ಹಸಿವು, ಸುಸ್ತು, ಸಿಟ್ಟು. ಗೆಳೆಯರು ಜಗಳವಾಡುತ್ತಾರೆ. ಮರೆಶಾಲ್ ಅವನ ಜಾತಿಯನ್ನೂ ಎತ್ತಿ ಬೈದು ಬಿಟ್ಟು ಹೊರಡುತ್ತಾನೆ. ಬಂಡೆಯ ಮೇಲೆ ಕುಳಿತ ರೋಸೆಂತಾಲ್ ಅಳುಕನ್ನು ಮುಚ್ಚಲು ಮಕ್ಕಳ ಹಾಡೊಂದನ್ನು ಜೋರಾಗಿ ಹಾಡುತ್ತಾನೆ. ದೂರ ಹೋದ ಮರೆಶಾಲ್ ತನಗೆ ಅರಿವಿಲ್ಲದೆಯೇ ಅದೇ ಹಾಡನ್ನು ಗುನುಗುತ್ತಾನೆ, ನಿಲ್ಲುತ್ತಾನೆ, ಹಿಂದಿರುಗುತ್ತಾನೆ. ಗೆಳೆಯನಿಗೆ ಭುಜ ಕೊಡುತ್ತಾನೆ. ಕೊನೆಗೆ ಇಬ್ಬರೂ ಹಿಮದ ಬಯಲು ದಾಟಿ ಸ್ವಿಟ್ಜರ್ಲೆಂಡ್ ತಲುಪುತ್ತಾರೆ. ಬಂದೂಕು ಎತ್ತಿದ ಜರ್ಮನ್ ಸೈನಿಕರು ಅವರು ಗಡಿ ದಾಟಿದ್ದನ್ನು ಕಂಡು ಗುಂಡು ಹಾರಿಸದೆ ಸುಮ್ಮನಾಗುತ್ತಾರೆ. ಹಿಮದ ಮೇಲೆ ಗಡಿಯ ಗೆರೆ ಎಲ್ಲಿಯೂ ಕಾಣುವುದಿಲ್ಲ. ಆದರೂ ಆ ಕಾಣದ ಗೆರೆಯೇ ಇಬ್ಬರ ಜೀವ ಉಳಿಸುತ್ತದೆ.

ಈ ಚಿತ್ರ ಅಮೆರಿಕದಲ್ಲಿ ಅತ್ಯುತ್ತಮ ಚಿತ್ರದ ಆಸ್ಕರ್ ಪ್ರಶಸ್ತಿಗೆ ನಾಮಕರಣಗೊಂಡ ಮೊದಲ ಪರಭಾಷಾ ಚಿತ್ರವಾಯಿತು. ಜರ್ಮನಿಯ ನಾಜಿ ಸರ್ಕಾರಕ್ಕೆ ಮಾತ್ರ ಇದನ್ನು ಕಂಡರೆ ಆಗುತ್ತಿರಲಿಲ್ಲ. ಯಹೂದಿಯನ್ನು ಉದಾರಿಯಾಗಿ, ಶತ್ರುಗಳನ್ನು ಮನುಷ್ಯರಾಗಿ ತೋರಿಸಿದ್ದು ಅವರಿಗೆ ಸಹಿಸಲಾಗಲಿಲ್ಲ.

1938ರಲ್ಲಿ ದಾಲಿಯೋ ಅವರಿಗೆ ಬಿಡುವೇ ಇರಲಿಲ್ಲ. ಆ ವರ್ಷದ ಒಂದು ಚಿತ್ರದ ಹೆಸರು 'ಆಂತ್ರೇ ದೆ ಜಾರ್ತೀಸ್ತ್', ಅಂದರೆ ಕಲಾವಿದರ ಪ್ರವೇಶದ್ವಾರ. ಕಥೆ ನಡೆಯುವುದು ಕನ್ಸರ್ವತ್ವಾರ್‌ನ ನಾಟಕ ತರಗತಿಯಲ್ಲಿ. ಮೇಷ್ಟರ ಪಾತ್ರ ಮಾಡಿದವರು ಅದೇ ಲೂಯಿ ಜೂವೇ. ಹಳೆಯ ವಿದ್ಯಾರ್ಥಿ ದಾಲಿಯೋ ಅದರಲ್ಲಿ ತನಿಖೆ ನಡೆಸುವ ನ್ಯಾಯಾಧಿಕಾರಿ. ಅದೇ ವರ್ಷ 'ಲಾ ಮೇಜೋನ್ ದ್ಯು ಮಾಲ್ತೇ' ಎಂಬ ಚಿತ್ರದಲ್ಲಿ ಅವರಿಗೆ ಅಪರೂಪಕ್ಕೆ ಮುಖ್ಯ ಪಾತ್ರವೇ ಸಿಕ್ಕಿತು.

1939ರಲ್ಲಿ ರೆನ್ವಾರ್ ಮತ್ತೊಮ್ಮೆ ಕರೆದರು. ಚಿತ್ರದ ಹೆಸರು 'ಲಾ ರೇಗ್ಲ್ ದ್ಯು ಜೂ', ಅಂದರೆ ಆಟದ ನಿಯಮ. ಈ ಬಾರಿ ದಾಲಿಯೋ ಅವರದು ಮಾರ್ಕ್ವಿಸ್ ಎಂಬ ಬಿರುದುಳ್ಳ ಶ್ರೀಮಂತನ ಪಾತ್ರ. ದೊಡ್ಡ ಬಂಗಲೆ, ಬೇಟೆ, ಔತಣ, ಆಳುಕಾಳುಗಳು. ಈ ಮಾರ್ಕ್ವಿಸ್‌ಗೆ ಕೀಲಿ ಕೊಟ್ಟರೆ ಹಾಡುವ ಬೊಂಬೆಗಳನ್ನು, ವಾದ್ಯಯಂತ್ರಗಳನ್ನು ಸಂಗ್ರಹಿಸುವ ಹುಚ್ಚು. ಒಂದು ದೃಶ್ಯದಲ್ಲಿ ಅವನು ತಾನು ಹೊಸದಾಗಿ ಕೊಂಡ ಭಾರಿ ವಾದ್ಯಯಂತ್ರವನ್ನು ಅತಿಥಿಗಳ ಮುಂದೆ ಪ್ರದರ್ಶಿಸುತ್ತಾನೆ. ಯಂತ್ರ ನುಡಿಯುತ್ತದೆ, ದೀಪಗಳು ಮಿನುಗುತ್ತವೆ, ಕ್ಯಾಮರಾ ದಾಲಿಯೋ ಮುಖದ ಮೇಲೆ ನಿಲ್ಲುತ್ತದೆ. ಆ ಮುಖದಲ್ಲಿ ಹೆಮ್ಮೆ ಇದೆ, ಸಂಕೋಚವಿದೆ, ತನ್ನ ಆಟಿಕೆಯನ್ನು ಎಲ್ಲರೂ ಮೆಚ್ಚಿದರೇ ಎಂಬ ಮಗುವಿನ ಆತಂಕವೂ ಇದೆ. ಮಾತೇ ಇಲ್ಲ. ತಾವು ಜೀವನದಲ್ಲಿ ಚಿತ್ರಿಸಿದ ಅತ್ಯುತ್ತಮ ಚಿತ್ರಿಕೆ ಇದೇ ಇರಬಹುದು ಎಂದು ರೆನ್ವಾರ್ ಮುಂದೆ ಹೇಳಿಕೊಂಡರು.

ಅದೇ ಚಿತ್ರದಲ್ಲಿ ಅಡುಗೆಮನೆಯ ದೃಶ್ಯವೊಂದಿದೆ. ಯಜಮಾನನ ವಂಶದಲ್ಲಿ ಯಹೂದಿ ರಕ್ತವಿದೆ ಎಂದು ಆಳುಗಳು ಹಗುರವಾಗಿ ಆಡಿಕೊಳ್ಳುತ್ತಾರೆ. ಆಗ ಮುಖ್ಯ ಅಡುಗೆಯವನು ಯಜಮಾನನ ಪರ ನಿಲ್ಲುತ್ತಾನೆ. ಅವನ ವಾದ ತುಂಬಾ ಸ್ವಾರಸ್ಯವಾದದ್ದು. ಆಲೂಗಡ್ಡೆ ಇನ್ನೂ ಬಿಸಿಯಾಗಿ ಹೊಗೆಯಾಡುತ್ತಿರುವಾಗಲೇ ಅದರ ಮೇಲೆ ದ್ರಾಕ್ಷಾರಸ ಸುರಿಯಬೇಕು, ಹಾಗೆ ಸುರಿಯದಿದ್ದುದನ್ನು ಒಂದೇ ತುತ್ತಿನಲ್ಲಿ ಕಂಡುಹಿಡಿದವನು ಈ ಯಜಮಾನ, ಆದ್ದರಿಂದ ಅವನು ನಿಜವಾದ ದೊಡ್ಡ ಮನುಷ್ಯ ಎಂಬುದು ಅವನ ತೀರ್ಪು. ಮನುಷ್ಯನನ್ನು ಅಳೆಯಲು ಕುಲಕ್ಕಿಂತ ನಾಲಿಗೆಯ ರುಚಿ ಒಳ್ಳೆಯ ಅಳತೆಗೋಲು ಎಂದು ಆ ಅಡುಗೆಯವನಿಗೆ ತಿಳಿದಿತ್ತು.

ಚಿತ್ರಮಂದಿರಕ್ಕೆ ಬಂದವರಿಗೆ ಅದು ತಿಳಿಯಲಿಲ್ಲ. 1939ರ ಜುಲೈ ತಿಂಗಳಲ್ಲಿ ಪ್ಯಾರಿಸ್‌ನಲ್ಲಿ ಚಿತ್ರ ಬಿಡುಗಡೆಯಾದಾಗ ಜನ ಕೂಗಾಡಿದರು, ಶಿಳ್ಳೆ ಹೊಡೆದು ಅಣಕಿಸಿದರು. ಒಬ್ಬ ಯಹೂದಿ ನಟ ಫ್ರೆಂಚ್ ಶ್ರೀಮಂತನ ಪಾತ್ರ ಮಾಡುವುದೇ ಎಂಬುದು ಕೆಲವರ ಸಿಟ್ಟಿಗೆ ಒಂದು ಕಾರಣವಾಗಿತ್ತು. ರೆನ್ವಾರ್ ಚಿತ್ರವನ್ನು ಕತ್ತರಿಸಿ ಕತ್ತರಿಸಿ ಚಿಕ್ಕದು ಮಾಡಿದರೂ ಪ್ರಯೋಜನವಾಗಲಿಲ್ಲ. ಯುದ್ಧ ಆರಂಭವಾದ ಮೇಲೆ ಜನರ ಧೈರ್ಯ ಕುಗ್ಗಿಸುತ್ತದೆ ಎಂದು ಸರ್ಕಾರ ಚಿತ್ರವನ್ನು ನಿಷೇಧಿಸಿತು. ಮೂಲ ನೆಗೆಟಿವ್ ಯುದ್ಧಕಾಲದ ಬಾಂಬ್ ದಾಳಿಯಲ್ಲಿ ನಾಶವಾಯಿತು. ಅಲ್ಲಲ್ಲಿ ಉಳಿದ ತುಣುಕುಗಳನ್ನು ಜೋಡಿಸಿ 1959ರಲ್ಲಿ ಮತ್ತೆ ತೋರಿಸಿದಾಗ ಜಗತ್ತು ಅದನ್ನು ಮಹಾಕೃತಿ ಎಂದು ಕೊಂಡಾಡಿತು. ದಾಲಿಯೋ ಅವರ ಜೀವನದ ಅತ್ಯಂತ ದೊಡ್ಡ ಪಾತ್ರ ಹೀಗೆ ಇಪ್ಪತ್ತು ವರ್ಷ ಕಾಲ ಸರಿಯಾಗಿ ಯಾರ ಕಣ್ಣಿಗೂ ಬೀಳಲಿಲ್ಲ.

1939ರಲ್ಲಿ ದಾಲಿಯೋ ಯುವ ನಟಿ ಮ್ಯಾಡ್ಲೀನ್ ಲೆಬೋ ಅವರನ್ನು ಮದುವೆಯಾದರು. ಮರುವರ್ಷದ ಜೂನ್ 14ರಂದು ಜರ್ಮನ್ ಸೇನೆ ಪ್ಯಾರಿಸ್ ಪ್ರವೇಶಿಸಿತು. ಅದಕ್ಕೆ ಮುಂಚೆಯೇ ದಂಪತಿಗಳು ನಗರ ಬಿಟ್ಟಿದ್ದರು. ಯಾರದೋ ಕಾರು ಎರವಲು ಪಡೆದು ಓರ್ಲಿಯಾನ್ ತನಕ, ಅಲ್ಲಿಂದ ಗೂಡ್ಸ್ ರೈಲಿನಲ್ಲಿ ಬೋರ್ದೋ ತನಕ, ಕೊನೆಗೆ ಪೋರ್ಚುಗಲ್ ದೇಶದ ಲಿಸ್ಬನ್. ಆ ದಿನಗಳಲ್ಲಿ ಯುರೋಪಿನಿಂದ ಪಾರಾಗಬೇಕಾದ ಸಾವಿರಾರು ಜನ ಲಿಸ್ಬನ್ನಿನಲ್ಲಿ ಸೇರಿದ್ದರು. ಎಲ್ಲರ ಬಾಯಲ್ಲೂ ಒಂದೇ ಪದ: ವೀಸಾ.

ನಮ್ಮ ಮನೆಗಳಲ್ಲೂ ಈ ಪದ ಆಗಾಗ ಕೇಳಿಬರುತ್ತದೆ. ಅಪ್ಪ ಕಚೇರಿಯಿಂದ ಬಂದು ವೀಸಾ ನವೀಕರಣವಾಯಿತು ಎಂದಾಗ ಅಮ್ಮನ ಮುಖ ಅರಳುವುದನ್ನು ನೀವು ನೋಡಿರುತ್ತೀರಿ. ನಮಗೆ ಅದು ಉದ್ಯೋಗದ ಪ್ರಶ್ನೆ. ಲಿಸ್ಬನ್ನಿನಲ್ಲಿ ಕಾದಿದ್ದವರಿಗೆ ಅದು ಜೀವದ ಪ್ರಶ್ನೆಯಾಗಿತ್ತು.

ಎರಡು ತಿಂಗಳು ಕಾದ ಮೇಲೆ ದಾಲಿಯೋ ದಂಪತಿಗಳಿಗೆ ದಕ್ಷಿಣ ಅಮೆರಿಕದ ಚಿಲಿ ದೇಶದ ವೀಸಾ ದೊರೆಯಿತು. ಆಗಸ್ಟ್ ತಿಂಗಳಲ್ಲಿ 'ಕ್ವಾಂಜಾ' ಎಂಬ ಪೋರ್ಚುಗೀಸ್ ಹಡಗು ಏರಿದರು. ಹಡಗಿನಲ್ಲಿ ಮುನ್ನೂರಕ್ಕೂ ಹೆಚ್ಚು ಪ್ರಯಾಣಿಕರು, ಬಹುಪಾಲು ನಿರಾಶ್ರಿತರು. ಮೆಕ್ಸಿಕೋ ತಲುಪಿದಾಗ ಸಿಡಿಲು ಬಡಿದಂತೆ ಸುದ್ದಿ ಬಂತು: ಹಣ ಕೊಟ್ಟು ಕೊಂಡ ಆ ವೀಸಾಗಳು ನಕಲಿ! ಮುಂದೆ ಹೋಗುವಂತಿಲ್ಲ, ಹಿಂದೆ ಹೋದರೆ ಸಾವು. ಕೊನೆಗೆ ಹೇಗೋ ಕೆನಡಾ ದೇಶದ ತಾತ್ಕಾಲಿಕ ಪಾಸ್‌ಪೋರ್ಟ್ ದೊರಕಿಸಿಕೊಂಡು ದಾಲಿಯೋ ದಂಪತಿಗಳು ಅಮೆರಿಕ ಸೇರಿದರು. ಎಲ್ಲಿಯೂ ಇಳಿಯಲು ಅನುಮತಿ ಸಿಗದೆ ಹಡಗಿನಲ್ಲೇ ಉಳಿದಿದ್ದ ಎಂಬತ್ತಕ್ಕೂ ಹೆಚ್ಚು ಜನರ ಕಥೆಯೂ ಸುಖಾಂತವಾಯಿತು. ಹಡಗು ಕಲ್ಲಿದ್ದಲು ತುಂಬಿಸಿಕೊಳ್ಳಲು ವರ್ಜೀನಿಯಾದ ನಾರ್‌ಫೋಕ್ ಬಂದರಿನಲ್ಲಿ ನಿಂತಾಗ ವಕೀಲರು ನ್ಯಾಯಾಲಯಕ್ಕೆ ಹೋದರು, ಅಧ್ಯಕ್ಷರ ಪತ್ನಿ ಎಲಿನಾರ್ ರೂಸ್‌ವೆಲ್ಟ್ ಅವರ ಪರ ಮಾತಾಡಿದರು. ಎಲ್ಲರಿಗೂ ಇಳಿಯಲು ಅನುಮತಿ ದೊರೆಯಿತು.

ಅತ್ತ ಪ್ಯಾರಿಸ್‌ನಲ್ಲಿ ಏನಾಗುತ್ತಿತ್ತು? ನಗರವನ್ನು ಹಿಡಿದ ನಾಜಿಗಳು ದಾಲಿಯೋ ಅವರ ಮುಖವಿದ್ದ ಭಿತ್ತಿಪತ್ರಗಳನ್ನು ಅಂಟಿಸಿದರು. ಯಹೂದಿ ಎಂದರೆ ನೋಡಲು ಹೀಗಿರುತ್ತಾನೆ, ಗುರುತು ಹಿಡಿಯಿರಿ ಎಂದು ಜನರಿಗೆ ಕಲಿಸಲು ಆ ಮುಖವನ್ನು ಬಳಸಿಕೊಂಡರು. ಒಬ್ಬ ನಟನಿಗೆ ಮುಖವೇ ಬಂಡವಾಳ. ಅವನು ಇಪ್ಪತ್ತು ವರ್ಷ ದುಡಿದು ಜನರ ಪ್ರೀತಿ ಗಳಿಸಿದ ಆ ಮುಖವನ್ನೇ ಅವನ ಸ್ವಂತ ಊರಿನ ಗೋಡೆಗಳ ಮೇಲೆ ದ್ವೇಷದ ಗುರುತಾಗಿ ಅಂಟಿಸಿದ್ದರು. ಫ್ರಾನ್ಸಿನಲ್ಲೇ ಉಳಿದಿದ್ದ ಅವರ ತಂದೆತಾಯಿ ಮತ್ತು ಬಂಧುಗಳು ನಾಜಿಗಳ ಯಾತನಾ ಶಿಬಿರಗಳಲ್ಲಿ ಪ್ರಾಣ ಕಳೆದುಕೊಂಡರು.

ಹಾಲಿವುಡ್ಡಿನಲ್ಲಿ ದಾಲಿಯೋ ಅವರನ್ನು ಯಾರೂ ತಾರೆಯಾಗಿ ಸ್ವಾಗತಿಸಲಿಲ್ಲ. ಇಂಗ್ಲಿಷ್ ಮಾತಿನಲ್ಲಿ ಫ್ರೆಂಚ್ ಉಚ್ಚಾರ ಎದ್ದು ಕೇಳುತ್ತಿತ್ತು. ವಯಸ್ಸು ನಲವತ್ತು ದಾಟಿತ್ತು. ಸಿಕ್ಕ ಪಾತ್ರಗಳೆಲ್ಲ ಚಿಕ್ಕವು. 1941ರ ಒಂದು ಚಿತ್ರದಲ್ಲಿ ಹೋಟೆಲಿನ ನೌಕರ, ಅದೇ ವರ್ಷದ 'ದಿ ಶಾಂಘೈ ಗೆಶ್ಚರ್' ಚಿತ್ರದಲ್ಲಿ ಜೂಜಿನ ಚಕ್ರ ತಿರುಗಿಸುವವನು. ಕಲಿತ ವಿದ್ಯೆಗೂ ಮಾಡುವ ಕೆಲಸಕ್ಕೂ ಸಂಬಂಧವಿಲ್ಲದ ಸ್ಥಿತಿ ಪರದೇಶಕ್ಕೆ ಹೋದವರಿಗೆ ಹೊಸದಲ್ಲ. ಊರಿನಲ್ಲಿ ದೊಡ್ಡ ಹುದ್ದೆಯಲ್ಲಿದ್ದವರು ಇಲ್ಲಿ ಬಂದು ಮೊದಲ ಮೆಟ್ಟಿಲಿನಿಂದ ಹತ್ತಬೇಕಾದ ಕಥೆಗಳನ್ನು ನಮ್ಮ ಹಿರಿಯರೂ ಹೇಳುತ್ತಾರೆ.

1942ರಲ್ಲಿ ವಾರ್ನರ್ ಸಂಸ್ಥೆ 'ಕಾಸಾಬ್ಲಾಂಕಾ' ಚಿತ್ರವನ್ನು ತಯಾರಿಸಿತು. ನಿರ್ದೇಶಕ ಮೈಕೆಲ್ ಕರ್ಟಿಜ್, ಹಂಗೇರಿಯಿಂದ ಬಂದವರು. ನಾಯಕ ಹಂಫ್ರಿ ಬೋಗಾರ್ಟ್, ನಾಯಕಿ ಇಂಗ್ರಿಡ್ ಬರ್ಗ್‌ಮನ್. ಯುದ್ಧದಿಂದ ಓಡಿಬಂದ ಜನ ಮೊರಾಕೋದ ಕಾಸಾಬ್ಲಾಂಕಾ ನಗರದಲ್ಲಿ ಸಿಕ್ಕಿಬಿದ್ದು, ಲಿಸ್ಬನ್ನಿಗೆ ಹೋಗಿ ಅಲ್ಲಿಂದ ಅಮೆರಿಕಕ್ಕೆ ಪಾರಾಗಲು ವೀಸಾಗಾಗಿ ಕಾಯುವುದೇ ಇದರ ಕಥೆ! ನಟರಲ್ಲಿ ಹಲವರು ನಿಜ ಜೀವನದಲ್ಲೂ ನಿರಾಶ್ರಿತರು. ಪಾಲ್ ಹೆನ್ರೀಡ್, ಪೀಟರ್ ಲೋರೆ, ಕಾನ್ರಾಡ್ ವೈಟ್ ಎಲ್ಲರೂ ಯುರೋಪಿನಿಂದ ಬಂದವರೇ. ದಾಲಿಯೋ ಅವರಿಗೆ ಸಿಕ್ಕಿದ್ದು ಎಮಿಲ್ ಎಂಬ ಪಾತ್ರ, ಮತ್ತೊಮ್ಮೆ ಜೂಜಿನ ಚಕ್ರದ ನೌಕರ. ಅವರ ಪತ್ನಿ ಲೆಬೋ ಅವರಿಗೆ ಇವಾನ್ ಎಂಬ ಪಾತ್ರ. ಹೆಸರುಗಳ ಪಟ್ಟಿಯಲ್ಲಿ ಲೆಬೋ ಹೆಸರಿದೆ, ದಾಲಿಯೋ ಹೆಸರಿಲ್ಲ.

ಆದರೆ ಆ ಕೆಲವು ನಿಮಿಷಗಳನ್ನು ಗಮನಿಸಿ ನೋಡಿ. ಬಲ್ಗೇರಿಯಾದ ಬಡ ನವದಂಪತಿಗಳಿಗೆ ವೀಸಾಕ್ಕೆ ಹಣ ಸಾಲದು. ಗಂಡ ಕೊನೆಯ ಕಾಸನ್ನೂ ಜೂಜಿನಲ್ಲಿ ಕಳೆದುಕೊಳ್ಳುತ್ತಿದ್ದಾನೆ. ಮಾಲೀಕ ರಿಕ್ ಅವನ ಹಿಂದೆ ನಿಂತು 22ನೇ ಸಂಖ್ಯೆಗೆ ಪಣ ಇಡಲು ಸೂಚಿಸಿ ಎಮಿಲ್ ಕಡೆ ಒಮ್ಮೆ ನೋಡುತ್ತಾನೆ. ಅಷ್ಟೇ. ಎಮಿಲ್‌ಗೆ ಅರ್ಥವಾಯಿತು. ಚಕ್ರ ತಿರುಗುತ್ತದೆ, ಗುಂಡು 22ರಲ್ಲಿ ನಿಲ್ಲುತ್ತದೆ. ಮತ್ತೊಮ್ಮೆ ತಿರುಗುತ್ತದೆ, ಮತ್ತೆ 22. ದಂಪತಿಗಳ ಜೀವನ ಉಳಿಯಿತು. ಎಮಿಲ್ ಮುಖದಲ್ಲಿ ಏನೂ ನಡೆದಿಲ್ಲವೆಂಬ ಭಾವ. ಇನ್ನೊಂದು ದೃಶ್ಯದಲ್ಲಿ ಪೊಲೀಸ್ ಅಧಿಕಾರಿ ಇಲ್ಲಿ ಜೂಜು ನಡೆಯುತ್ತಿದೆ ಎಂದು ಆಘಾತಗೊಂಡವನಂತೆ ನಟಿಸಿ ಅಂಗಡಿ ಮುಚ್ಚಿಸುತ್ತಾನೆ. ಅದೇ ಕ್ಷಣ ಎಮಿಲ್ ಬಂದು ಆ ಅಧಿಕಾರಿ ಜೂಜಿನಲ್ಲಿ ಗೆದ್ದ ಹಣವನ್ನು ಅವನ ಕೈಗೆ ವಿನಯದಿಂದ ಕೊಡುತ್ತಾನೆ. ಜಗತ್ತಿನ ಸಿನಿಮಾದಲ್ಲಿ ಅತ್ಯಂತ ಹೆಚ್ಚು ನಗು ಹುಟ್ಟಿಸಿದ ಕ್ಷಣಗಳಲ್ಲಿ ಇದೂ ಒಂದು. ಎರಡು ತಿಂಗಳು ಲಿಸ್ಬನ್ನಿನಲ್ಲಿ ಕಾದು, ನಕಲಿ ವೀಸಾದಿಂದ ಮೋಸ ಹೋಗಿದ್ದ ಮನುಷ್ಯ ಈ ಪಾತ್ರ ಮಾಡಿದರು ಎಂದು ತಿಳಿದ ಮೇಲೆ ಆ ಚಕ್ರ ತಿರುಗುವ ದೃಶ್ಯ ಬೇರೆಯೇ ರೀತಿ ಕಾಣುತ್ತದೆ.

ಅದೇ ಚಿತ್ರದಲ್ಲಿ ಜರ್ಮನ್ ಅಧಿಕಾರಿಗಳ ಹಾಡಿಗೆ ಎದುರಾಗಿ ಎಲ್ಲರೂ ಎದ್ದು ನಿಂತು ಫ್ರಾನ್ಸಿನ ರಾಷ್ಟ್ರಗೀತೆ ಹಾಡುವ ದೃಶ್ಯವಿದೆ. ಕಣ್ಣೀರು ತುಂಬಿ ಹಾಡುವ ಲೆಬೋ ಅವರ ಮುಖವನ್ನು ಕ್ಯಾಮರಾ ಹತ್ತಿರದಿಂದ ತೋರಿಸುತ್ತದೆ. ಅದು ಗ್ಲಿಸರಿನ್ ಕಣ್ಣೀರಲ್ಲ ಎಂದು ನಂಬಲು ಕಾರಣಗಳಿವೆ. ಚಿತ್ರ ತಯಾರಾಗುತ್ತಿದ್ದ ಸಮಯದಲ್ಲೇ ಆ ದಂಪತಿಗಳ ದಾಂಪತ್ಯ ಮುರಿಯಿತು. ಇಬ್ಬರೂ ಬೇರೆಯಾದರು. ಲೆಬೋ 2016ರವರೆಗೆ ಬದುಕಿದ್ದರು.

ಮುಂದಿನ ವರ್ಷಗಳಲ್ಲಿ ದಾಲಿಯೋ ಅವರಿಗೆ ಹೆಚ್ಚು ಗೌರವದ ಪಾತ್ರಗಳು ದೊರೆತವು. 1944ರ 'ಟು ಹ್ಯಾವ್ ಅಂಡ್ ಹ್ಯಾವ್ ನಾಟ್' ಚಿತ್ರದಲ್ಲಿ ಬೋಗಾರ್ಟ್ ಜೊತೆ ಮತ್ತೆ ಅಭಿನಯಿಸಿದರು. ಈ ಬಾರಿ ಅವರು ಸ್ವಾತಂತ್ರ್ಯಕ್ಕಾಗಿ ಗುಟ್ಟಾಗಿ ಹೋರಾಡುವವರಿಗೆ ನೆರವಾಗುವ ಹೋಟೆಲ್ ಮಾಲೀಕ. ಅದೇ ವರ್ಷ 'ವಿಲ್ಸನ್' ಎಂಬ ಚಿತ್ರದಲ್ಲಿ ಫ್ರಾನ್ಸಿನ ಪ್ರಧಾನಿಯಾಗಿದ್ದ ಕ್ಲೆಮಾಂಸೋ ಪಾತ್ರ ಮಾಡಿದರು. ಯುದ್ಧ ಮುಗಿದ ಕೂಡಲೇ ಫ್ರಾನ್ಸಿಗೆ ಮರಳಿ ಅಲ್ಲಿಯ ಚಿತ್ರಗಳಲ್ಲಿ ತೊಡಗಿದರು.

ಅಲ್ಲಿಂದ ಮುಂದೆ ಅವರ ಬದುಕು ಎರಡು ದೇಶಗಳ ನಡುವೆ ನಡೆಯಿತು. 1953ರ 'ಜಂಟಲ್‌ಮೆನ್ ಪ್ರಿಫರ್ ಬ್ಲಾಂಡ್ಸ್' ಚಿತ್ರದಲ್ಲಿ ಅವರು ತಲೆಕೆಟ್ಟುಹೋಗುವ ಪ್ಯಾರಿಸ್ ನ್ಯಾಯಾಧೀಶ. 1954ರ 'ಸಬ್ರೀನಾ' ಚಿತ್ರದಲ್ಲಿ ಅಡುಗೆ ಕಲಿಯುವ ಆಡ್ರಿ ಹೆಪ್‌ಬರ್ನ್ ಒಲೆಯನ್ನೇ ಹಚ್ಚದೆ ತಿಂಡಿ ಬೇಯಲು ಇಟ್ಟಾಗ, ಈ ಹುಡುಗಿಯ ಮನಸ್ಸು ಬೇರೆಲ್ಲೋ ಇದೆ ಎಂದು ಗುರುತಿಸುವ ಮುದಿ ಶ್ರೀಮಂತ. 1955ರಲ್ಲಿ 'ಕಾಸಾಬ್ಲಾಂಕಾ' ಕಥೆಯನ್ನು ಅಮೆರಿಕದ ಟೆಲಿವಿಷನ್ ಧಾರಾವಾಹಿಯಾಗಿ ಮಾಡಿದಾಗ ಅದರಲ್ಲಿ ದಾಲಿಯೋ ಪೊಲೀಸ್ ಅಧಿಕಾರಿಯಾದರು. ಹಿಂದೆ ಯಾರ ಕೈಗೆ ಗೆದ್ದ ಹಣ ಕೊಟ್ಟಿದ್ದರೋ ಅದೇ ಪಾತ್ರ! 1963ರ 'ಡೊನೊವನ್ಸ್ ರೀಫ್' ಚಿತ್ರದಲ್ಲಿ ದ್ವೀಪವೊಂದರ ಪಾದ್ರಿ, 1966ರ 'ಹೌ ಟು ಸ್ಟೀಲ್ ಎ ಮಿಲಿಯನ್' ಚಿತ್ರದಲ್ಲಿ ಕಲಾಕೃತಿಗಳ ಸಂಗ್ರಾಹಕ, 1970ರ 'ಕ್ಯಾಚ್ 22' ಚಿತ್ರದಲ್ಲಿ ದೊಡ್ಡ ದೇಶಗಳು ಅಳಿದರೂ ತಗ್ಗಿ ಬಗ್ಗಿ ಬಾಳುವವರು ಉಳಿಯುತ್ತಾರೆ ಎಂದು ಯುವ ಸೈನಿಕನೊಡನೆ ವಾದಿಸುವ ಇಟಲಿಯ ಮುದುಕ. ಎಲ್ಲ ಸೇರಿ ನೂರಕ್ಕೂ ಹೆಚ್ಚು ಚಿತ್ರಗಳು. ಪಾತ್ರ ಎಷ್ಟೇ ಚಿಕ್ಕದಿರಲಿ, ಬಂದು ನಿಂತರೆ ಸಾಕು, ಈ ಮನುಷ್ಯನಿಗೂ ಒಂದು ಮನೆಯಿದೆ, ಹಿಂದೊಂದು ಕಥೆಯಿದೆ ಎಂದು ನೋಡುವವರಿಗೆ ಅನ್ನಿಸುತ್ತಿತ್ತು.

1973ರಲ್ಲಿ ಫ್ರಾನ್ಸಿನಲ್ಲಿ ಒಂದು ಹಾಸ್ಯಚಿತ್ರ ಬಂತು. ಹೆಸರು 'ರಬ್ಬಿ ಜಾಕೋಬನ ಸಾಹಸಗಳು'. ನಿರ್ದೇಶಕ ಜೆರಾರ್ ಊರಿ, ನಾಯಕ ಲೂಯಿ ದ ಫ್ಯುನೇಸ್. ಅನ್ಯಧರ್ಮದವರನ್ನು, ಪರದೇಶದವರನ್ನು ಕಂಡರೆ ಆಗದ ಕಾರ್ಖಾನೆ ಮಾಲೀಕನೊಬ್ಬ ಪ್ರಾಣ ಉಳಿಸಿಕೊಳ್ಳಲು ಯಹೂದಿ ಧರ್ಮಗುರುವಿನ ವೇಷ ಹಾಕಬೇಕಾಗುತ್ತದೆ. ಆ ವೇಷದಲ್ಲೇ ಅವನಿಗೆ ಬುದ್ಧಿ ಬರುತ್ತದೆ. ಇದರಲ್ಲಿ ನಿಜವಾದ ಧರ್ಮಗುರು, ನ್ಯೂಯಾರ್ಕಿನಿಂದ ಪ್ಯಾರಿಸ್‌ಗೆ ಬರುವ ರಬ್ಬಿ ಜಾಕೋಬ್, ನಮ್ಮ ದಾಲಿಯೋ. ಫ್ರಾನ್ಸಿನಲ್ಲಿ ಎಪ್ಪತ್ತು ಲಕ್ಷಕ್ಕೂ ಹೆಚ್ಚು ಜನ ಈ ಚಿತ್ರ ನೋಡಿ ಹೊಟ್ಟೆ ಹುಣ್ಣಾಗುವಂತೆ ನಕ್ಕರು. ಮೂವತ್ತು ವರ್ಷಗಳ ಹಿಂದೆ ಪ್ಯಾರಿಸ್‌ನ ಗೋಡೆಗಳ ಮೇಲೆ ದ್ವೇಷ ಕಲಿಸಲು ಅಂಟಿಸಿದ್ದ ಅದೇ ಮುಖ, ಈಗ ಬಿಳಿಗಡ್ಡ ಧರಿಸಿ, ಅದೇ ಪ್ಯಾರಿಸ್‌ಗೆ ಅತಿಥಿಯಾಗಿ ಬಂದಿತ್ತು. ಜನ ಅದನ್ನು ಪ್ರೀತಿಯಿಂದ ಬರಮಾಡಿಕೊಂಡರು.

1976ರಲ್ಲಿ ದಾಲಿಯೋ ಅವರ ಆತ್ಮಕಥೆ ಪ್ರಕಟವಾಯಿತು. 1983ರ ನವೆಂಬರ್ 18ರಂದು, ಹುಟ್ಟಿದ ಊರಾದ ಪ್ಯಾರಿಸ್‌ನಲ್ಲೇ ಅವರು ನಿಧನರಾದರು. 84 ವರ್ಷ ತುಂಬಲು ಇನ್ನು ಐದೇ ದಿನ ಬಾಕಿ ಇತ್ತು.

ಶಾಲೆಯ ವಾರ್ಷಿಕೋತ್ಸವದ ನಾಟಕಕ್ಕೆ ಪಾತ್ರ ಹಂಚುವಾಗ ಪ್ರತಿ ವರ್ಷವೂ ಒಂದಿಷ್ಟು ಮುಖಗಳು ಬಾಡುತ್ತವೆ. ರಾಜನ ಪಾತ್ರ ಒಬ್ಬನಿಗೇ ಸಿಗುವುದು. ಉಳಿದವರಿಗೆ ದ್ವಾರಪಾಲಕ, ಸೇವಕ, ಊರಿನ ಜನ. ಕೆಲವು ತಾಯಂದಿರಿಗೂ ಬೇಸರವಾಗುತ್ತದೆ, ಅದು ಸಹಜ. ಈ ಸಲ ಹಾಗೆ ಬೇಸರವಾದರೆ, ಮಕ್ಕಳೇ, ಜೂಜಿನ ಚಕ್ರದ ಹಿಂದೆ ನಿಂತ ಎಮಿಲ್‌ನನ್ನು ನೆನೆಸಿಕೊಳ್ಳಿ. ಮಾರ್ಕ್ವಿಸ್ ಆಗಿ ಮೆರೆದವರು ಹೆಸರಿಲ್ಲದ ನೌಕರನ ಪಾತ್ರವನ್ನೂ ಅಷ್ಟೇ ಶ್ರದ್ಧೆಯಿಂದ ಮಾಡಿದರು. ಊರು ಹೋಯಿತು, ಮನೆಯವರು ಹೋದರು, ಹೆಸರು ಹೋಯಿತು. ಕಲಿತ ವಿದ್ಯೆಯನ್ನು ಮಾತ್ರ ಯಾವ ಗಡಿಯಲ್ಲೂ ಯಾರಿಗೂ ಕಿತ್ತುಕೊಳ್ಳಲಾಗಲಿಲ್ಲ. ರಜೆಯಲ್ಲಿ ಅಪ್ಪ ಅಮ್ಮನ ಜೊತೆ ಕುಳಿತು 'ಕಾಸಾಬ್ಲಾಂಕಾ' ನೋಡಿ. ಚಕ್ರ ತಿರುಗುವಾಗ ನಾಯಕನನ್ನು ಒಂದು ಕ್ಷಣ ಬಿಟ್ಟು, ಅದನ್ನು ತಿರುಗಿಸುವ ಮನುಷ್ಯನ ಮುಖ ನೋಡಿ.